ಖಡ್ಗದ ಹಿಂದಿನ ಕಡತ

"ಎಲ್ಲಾ ಸರಿ ಕಣಮ್ಮ, ಇವರಿಗೆಲ್ಲ ಸಂಬಳ ಕೊಟ್ಟವರು ಯಾರು?"

ಖಜಾನೆ ಇಲಾಖೆಯಲ್ಲಿ ಬಿಲ್ ಪಾಸು ಮಾಡುತ್ತಲೇ ತಲೆ ನರೆತು ನಿವೃತ್ತರಾದ ಮಾವ, ಅಕ್ಕನ ಮಗಳು ಕೊಟ್ಟ ಪುಟವನ್ನು ಓದಿ ಮುಗಿಸಿ ಕೇಳಿದ ಮೊದಲ ಪ್ರಶ್ನೆ ಇದು. ಹುಡುಗಿ ಇತಿಹಾಸದಲ್ಲಿ ಎಂ.ಎ. ಓದುತ್ತಿದ್ದಾಳೆ. ಇಂಗ್ಲೆಂಡ್ ಮತ್ತು ಫ್ರಾನ್ಸ್ ರಾಜರು 1337ರಿಂದ 1453ರವರೆಗೆ ಬಿಟ್ಟು ಬಿಟ್ಟು ನಡೆಸಿದ ನೂರು ವರ್ಷಗಳ ಯುದ್ಧದ ಮೇಲೆ ಅವಳು ಪ್ರಬಂಧ ಬರೆಯಬೇಕು. ಮೊದಲ ಪುಟದಲ್ಲಿ ಅಜಿನ್‌ಕೋರ್ಟ್ ಕದನವಿತ್ತು: 1415ರ ಅಕ್ಟೋಬರ್ 25, ಹಿಂದಿನ ರಾತ್ರಿಯ ಮಳೆ, ಎರಡು ಕಾಡುಗಳ ನಡುವೆ ಉತ್ತು ಬಿಟ್ಟಿದ್ದ ಹೊಲ, ಕವಚ ತೊಟ್ಟು ಕೆಸರಿನಲ್ಲಿ ಕಾಲು ಕೀಳಲಾಗದೆ ನಿಂತ ಫ್ರೆಂಚ್ ಸರದಾರರು, ಮೇಲಿಂದ ಇಂಗ್ಲಿಷ್ ಬಿಲ್ಲುಗಾರರ ಬಾಣಗಳು. ಬರಹ ಚೆನ್ನಾಗಿಯೇ ಇತ್ತು. ಮಾವನಿಗೆ ಮಾತ್ರ ಕೆಸರು ಹಿಡಿಸಲಿಲ್ಲ.

"ರಾಜ ಕೊಟ್ಟ. ಅದರಲ್ಲೇನಿದೆ ಮಾವ?"

"ಅದರಲ್ಲೇ ಇರೋದು. ನಮಗೆ ಸ್ಕೂಲಲ್ಲಿ ಹೇಳಿಕೊಟ್ಟಿದ್ದೇನು? ರಾಜ ಜಮೀನು ಕೊಡ್ತಾನೆ, ಜಮೀನು ತಗೊಂಡ ಸರದಾರ ವರ್ಷಕ್ಕೆ 40 ದಿನ ಕುದುರೆ ಏರಿ ಬಂದು ಸೇವೆ ಮಾಡ್ತಾನೆ ಅಂತ. 40 ದಿನದಲ್ಲಿ ಕಡಲು ದಾಟಿ, ಕೋಟೆಗೆ ಮುತ್ತಿಗೆ ಹಾಕಿ, ಗೆದ್ದು ಮನೆಗೆ ಬರೋಕಾಗುತ್ತಾ? ರಾಜರಿಗೂ ಇದು ಬೇಗ ತಿಳೀತು. 1159ರಲ್ಲಿ ಎರಡನೇ ಹೆನ್ರಿ ಟುಲೂಸ್ ಮೇಲೆ ಹೊರಟಾಗ, ಬರೋದು ಬೇಡ, ಅದರ ಬದಲು ದುಡ್ಡು ಕೊಡಿ ಅಂತ ಸರದಾರರಿಂದ ವಸೂಲಿ ಮಾಡಿ, ಆ ದುಡ್ಡಲ್ಲಿ ಕೂಲಿ ಸೈನಿಕರನ್ನ ಇಟ್ಟುಕೊಂಡ. ಅಜಿನ್‌ಕೋರ್ಟ್ ಗೆದ್ದ ನಿನ್ನ ಐದನೇ ಹೆನ್ರಿಯ ಕಾಲಕ್ಕೆ ಬಂದರೆ ಡ್ಯೂಕಿನಿಂದ ಹಿಡಿದು ಬಿಲ್ಲುಗಾರನವರೆಗೆ ಎಲ್ಲರೂ ದಿನದ ಲೆಕ್ಕದ ನೌಕರರು."

"ನೌಕರರು ಅಂದುಬಿಟ್ರಲ್ಲ! ಅವರು ಕತ್ತಿ ಹಿಡಿದವರು."

"ಕತ್ತಿ ಹಿಡಿಯೋಕೆ ಮುಂಚೆ ಕರಾರಿಗೆ ಮುದ್ರೆ ಒತ್ತಿದವರು. ಇಲ್ಲಿ ನೋಡು."

ಮಾವ ಪುಸ್ತಕವೊಂದರ ನಡುವೆ ಇದ್ದ ಚಿತ್ರ ತೆಗೆದು ತೋರಿಸಿದರು. ಒಂದೇ ಚರ್ಮದ ಹಾಳೆ. ಅದರ ಮೇಲೆ ಒಂದೇ ಒಕ್ಕಣೆಯನ್ನು ಎರಡು ಸಲ ಬರೆದಿದ್ದಾರೆ. ನಡುವೆ ನೇರವಾಗಿ ಕತ್ತರಿಸದೆ ಅಂಕುಡೊಂಕಾಗಿ ಕತ್ತರಿಸಿದ್ದಾರೆ. ಒಂದು ತುಂಡು ದಂಡನಾಯಕನ ಹತ್ತಿರ, ಇನ್ನೊಂದು ರಾಜನ ಖಜಾನೆಯಲ್ಲಿ. ಮುಂದೆ ತಕರಾರು ಬಂದರೆ ಎರಡೂ ತುಂಡು ತಂದು ಜೋಡಿಸಬೇಕು; ಅಂಚಿಗೆ ಅಂಚು ಕೂಡದಿದ್ದರೆ ಕಾಗದ ಖೋಟಾ.

"1415ರ ದಂಡಿಗೆ ಹೊರಟ ನಾಯಕರೆಲ್ಲ ಹೀಗೆ ಬರೆದುಕೊಟ್ಟವರೇ," ಎಂದರು ಮಾವ. "ಡ್ಯೂಕಿಗೆ ದಿನಕ್ಕೆ 13 ಶಿಲಿಂಗ್ 4 ಪೆನ್ಸ್, ಅರ್ಲ್‌ಗೆ 6 ಶಿಲಿಂಗ್ 8 ಪೆನ್ಸ್, ಕವಚಧಾರಿ ಸೈನಿಕನಿಗೆ 1 ಶಿಲಿಂಗ್, ಬಿಲ್ಲುಗಾರನಿಗೆ 6 ಪೆನ್ಸ್. ಎಷ್ಟು ಜನ ತರ್ತೀನಿ ಅಂತ ನಾಯಕ ಬರೆದುಕೊಡಬೇಕು. ಹಡಗು ಹತ್ತೋ ಮುಂಚೆ ಹಾಜರಿ. ತಲೆ ಎಣಿಸಿ, ಹೆಸರು ಕೂಗಿ, ಕಮ್ಮಿ ಇದ್ದರೆ ಬಟವಾಡೆಯಲ್ಲಿ ಕಡಿತ. ಶತ್ರುವನ್ನ ಸೆರೆಹಿಡಿದು ಬಿಡುಗಡೆ ಹಣ ವಸೂಲಿ ಮಾಡಿದರೆ ಸೈನಿಕ ಮೂರರಲ್ಲಿ ಒಂದು ಪಾಲು ನಾಯಕನಿಗೆ ಕೊಡಬೇಕು, ನಾಯಕ ತನಗೆ ಬಂದಿದ್ದರಲ್ಲಿ ಮೂರನೇ ಒಂದು ಪಾಲು ರಾಜನಿಗೆ. 600 ವರ್ಷದ ಹಿಂದೆ ಇಷ್ಟು ಕಟ್ಟುನಿಟ್ಟು! ಇದನ್ನ ಬಿಟ್ಟು ಕೆಸರಿಂದ ಶುರು ಮಾಡಿದ್ದೀಯಲ್ಲ."

ಹುಡುಗಿ ಸೋಲುವವಳಲ್ಲ. "ಮೊದಲ ಮೂರು ತಿಂಗಳ ಸಂಬಳ ಮುಂಗಡ. ಎರಡನೇ ಮೂರು ತಿಂಗಳಿಗೆ ಏನು ಕೊಟ್ಟ ಹೇಳಿ?"

ಮಾವ ನಕ್ಕರು. "ಒಡವೆ."

"ಹ್ಞಾಂ. ಅರಮನೆಯ ಒಡವೆ, ಬೆಳ್ಳಿ ಪಾತ್ರೆ, ಚರ್ಚಿನ ಪೂಜಾ ಸಾಮಗ್ರಿ, ಎಲ್ಲಾ ನಾಯಕರ ಹತ್ತಿರ ಒತ್ತೆ. ತಮ್ಮ ಕ್ಲಾರೆನ್ಸ್ ಡ್ಯೂಕನಿಗೆ ಒಂದು ಕಿರೀಟವನ್ನೇ ಕೊಟ್ಟ. ಕೆಲವು ಒಡವೆಗಳನ್ನ ಬಿಡಿಸಿಕೊಳ್ಳೋ ಹೊತ್ತಿಗೆ ಹೆನ್ರಿ ಸತ್ತು ಅವನ ಮಗ ಪಟ್ಟಕ್ಕೆ ಬಂದಿದ್ದ. ನೀವು ಇದನ್ನ ಆಡಳಿತ ಅಂತೀರಿ. ನಮ್ಮ ಬೀದೀಲಿ ಇದಕ್ಕೆ ಸಾಲ ಅಂತಾರೆ."

"ಒತ್ತೆ ಇಟ್ಟಿದ್ದಕ್ಕೂ ಪಟ್ಟಿ ಇದೆ, ಬಿಡಿಸಿಕೊಳ್ಳೋಕೆ ಗಡುವು ಇದೆ. ಪಟ್ಟಿ ಇಲ್ಲದ ಸಾಲ ಅಪಾಯ. ಪಟ್ಟಿ ಇರೋ ಸಾಲ ಹಣಕಾಸು."

"ಹಾಗಾದರೆ ಮೂರನೇ ಎಡ್ವರ್ಡನ ಹಣಕಾಸು ನೋಡೋಣ ಬನ್ನಿ," ಎಂದು ಹುಡುಗಿ ಕುರ್ಚಿ ಎಳೆದುಕೊಂಡಳು. "1337ರಲ್ಲಿ ಫ್ರಾನ್ಸ್ ಜೊತೆ ಯುದ್ಧ ಅಂತ ಆಯ್ತು. ದುಡ್ಡೆಲ್ಲಿ? ಇಂಗ್ಲೆಂಡಿನ ಸಂಪತ್ತು ಅಂದರೆ ಕುರಿ ಉಣ್ಣೆ. ವರ್ತಕರು ಸಾಲದ ಮೇಲೆ 30,000 ಮೂಟೆ ಉಣ್ಣೆ ಕೊಳ್ಳಬೇಕು, ಹೊರದೇಶದಲ್ಲಿ ಮಾರಬೇಕು, ಲಾಭದಲ್ಲಿ ಪಾಲು ರಾಜನಿಗೆ, ಇದು ಯೋಜನೆ. ಮೊದಲ ಕಂತಿನ ಉಣ್ಣೆ ಡಾರ್ಡ್ರೆಕ್ಟ್ ಬಂದರಿಗೆ ಹೋದಾಗ ರಾಜನ ಕಡೆಯವರೇ ಅದನ್ನ ವಶಪಡಿಸಿಕೊಂಡು ವರ್ತಕರ ಕೈಗೆ ಚೀಟಿ ಕೊಟ್ಟರು. ಯೋಜನೆ ಅಲ್ಲಿಗೇ ಮುಗೀತು. ಎಡ್ವರ್ಡ್ ಆಂಟ್‌ವರ್ಪ್‌ಗೆ ಹೋಗಿ ಕೂತ. ಬ್ರಬಾಂಟಿನ ಡ್ಯೂಕ್, ಹೈನಾಲ್ಟಿನ ಕೌಂಟ್, ಜರ್ಮನಿಯ ಚಕ್ರವರ್ತಿ, ಇವರೆಲ್ಲ ದುಡ್ಡು ಕೊಟ್ಟರೆ ನಮ್ಮ ಸೈನ್ಯ ಕೊಡ್ತೀವಿ ಅಂದವರು. ಫ್ಲಾರೆನ್ಸಿನ ಬಾರ್ಡಿ, ಪೆರುಟ್ಸಿ ಸಾಹುಕಾರರು ಸಾಲ ಕೊಟ್ಟರು. ಅದೂ ಸಾಲದೆ ತನ್ನ ದೊಡ್ಡ ಕಿರೀಟವನ್ನ ಟ್ರಿಯರ್‌ನ ಆರ್ಚ್‌ಬಿಷಪ್ ಹತ್ತಿರ ಅಡ ಇಟ್ಟ. ಮುಂದೆ ಊರಿಗೆ ಹೊರಟಾಗ ಸಾಲ ಕೊಟ್ಟವರು ರಾಜನ ಸರದಾರರನ್ನೇ ಜಾಮೀನಾಗಿ ಹಿಡಿದುಕೊಂಡರು. ಇಷ್ಟೆಲ್ಲ ಸಾಲ ಮಾಡಿ 1339ರ ಶರತ್ಕಾಲದಲ್ಲಿ ದಂಡೆತ್ತಿ ಹೋದವನು ಒಂದು ದೊಡ್ಡ ಕದನವನ್ನೂ ಮಾಡದೆ ವಾಪಸ್ ಬಂದ."

"ಅದರ ಮುಂದಿನದು ಹೇಳು. 1340ರ ನವೆಂಬರ್ 30."

"ನೀವೇ ಹೇಳಿ, ನಿಮಗಿಷ್ಟವಾದ ಭಾಗ ಅದು."

"ಇಷ್ಟವೇ," ಎಂದರು ಮಾವ. "ದುಡ್ಡು ಬರಲಿಲ್ಲ ಅಂತ ಎಡ್ವರ್ಡ್ ಯಾರಿಗೂ ಹೇಳದೆ ಕಡಲು ದಾಟಿ ಬಂದು, ನಡುರಾತ್ರಿ ಥೇಮ್ಸ್ ನದಿಯಲ್ಲಿ ದೋಣಿಯಿಂದ ಲಂಡನ್ ಗೋಪುರದ ಮೆಟ್ಟಿಲಿಗೆ ಇಳಿದ. ಕೋಟೆಯ ಅಧಿಕಾರಿ ಅಲ್ಲಿಲ್ಲ. ಒಳಗೆ ರಾಜನ ಮಕ್ಕಳು, ದಾದಿಯರು, ಅಷ್ಟೇ. ಸಿಟ್ಟಿನಲ್ಲಿ ಚಾನ್ಸಲರ್, ಖಜಾಂಚಿ ಇಬ್ಬರನ್ನೂ ಕಿತ್ತು ಹಾಕಿದ, ನ್ಯಾಯಾಧೀಶರನ್ನ ಬಂಧಿಸಿದ. ಯೋಚನೆ ಮಾಡು. ಒಬ್ಬ ರಾಜ ರಣರಂಗ ಬಿಟ್ಟು ಓಡಿ ಬಂದಿದ್ದು ಶತ್ರುವಿನ ಮೇಲೆ ಕೋಪ ಬಂದಲ್ಲ, ಕಚೇರಿಯ ಮೇಲೆ ಕೋಪ ಬಂದು. ಯುದ್ಧ ಎಲ್ಲಿ ನಡೀತಿತ್ತು ಅನ್ನೋದಕ್ಕೆ ಇನ್ನೇನು ಸಾಕ್ಷಿ ಬೇಕು?"

"ಕಚೇರಿಯವರ ತಪ್ಪೇನಿತ್ತು ಮಾವ? ಕೊಳಗದಲ್ಲಿ ಇಲ್ಲದ್ದನ್ನ ಅಳೀರಿ ಅಂದರೆ ಹೇಗೆ?"

"ಅಲ್ಲೇ ನಿನ್ನ ಪ್ರಬಂಧದ ಜೀವ ಇದೆ ಕಣೇ. ಇಲ್ಲ ಅಂತ ಹೇಳೋಕೆ ಜನರಿಗೆ ಒಂದು ಜಾಗ ಸಿಕ್ಕಿತ್ತು. ಒಂದನೇ ಎಡ್ವರ್ಡ್, ಇವನ ಅಜ್ಜ, ವೇಲ್ಸ್, ಸ್ಕಾಟ್ಲೆಂಡ್, ಫ್ರಾನ್ಸ್ ಅಂತ ಎಲ್ಲಾ ಕಡೆ ಯುದ್ಧ ಹೂಡಿ ಉಣ್ಣೆಯ ಮೂಟೆಗೆ 40 ಶಿಲಿಂಗ್ ಸುಂಕ ಹಾಕಿದ್ದ. 1297ರಲ್ಲಿ ಜನ ತಿರುಗಿಬಿದ್ದರು. ಎಲ್ಲರ ಒಪ್ಪಿಗೆ ಇಲ್ಲದೆ ಇಂಥ ಸುಂಕ ಹಾಕಲ್ಲ ಅಂತ ಬರೆದುಕೊಡಬೇಕಾಯ್ತು. ಮೊಮ್ಮಗನ ಕಾಲಕ್ಕೆ, 1340ರಲ್ಲಿ, ಪಾರ್ಲಿಮೆಂಟು ಒಂಬತ್ತು ಸಿವುಡಿಗೆ ಒಂದು ಸಿವುಡು, ಒಂಬತ್ತು ಕುರಿಮರಿಗೆ ಒಂದು ಕುರಿಮರಿ ಕೊಡ್ತೀವಿ ಅಂತು, ಜೊತೆಗೆ ಷರತ್ತುಗಳ ಪಟ್ಟಿಯನ್ನೂ ಕೊಡ್ತು. ರಾಜನಿಗೆ ಯುದ್ಧ ಬೇಕು, ಯುದ್ಧಕ್ಕೆ ದುಡ್ಡು ಬೇಕು, ದುಡ್ಡಿಗೆ ಜನರ ಪ್ರತಿನಿಧಿಗಳನ್ನ ಕೇಳಬೇಕು. ಲೆಕ್ಕ ಕೇಳೋ ಹಕ್ಕು ಹುಟ್ಟಿದ್ದು ಹೀಗೆ."

ಹುಡುಗಿ ಇದನ್ನು ಬರೆದುಕೊಂಡಳು. ಬರೆದುಕೊಂಡ ಮೇಲೂ ಬಿಡಲಿಲ್ಲ.

"ಪಾರ್ಲಿಮೆಂಟಿನಲ್ಲಿ ಕೂತವರು ಲೆಕ್ಕ ಕೇಳಿದರು, ಸರಿ. ಹಟ್ಟಿಯಲ್ಲಿದ್ದವಳು ಯಾರನ್ನ ಕೇಳಬೇಕಿತ್ತು? ಸೈನ್ಯಕ್ಕೆ ಊಟ ಎಲ್ಲಿಂದ ಬರ್ತಿತ್ತು? ರಾಜನ ಆಳುಗಳು ಹಳ್ಳಿಗೆ ಬಂದು ಗೋಧಿ, ಓಟ್ಸ್, ಹಂದಿಮಾಂಸ, ಗಾಡಿ, ಕುದುರೆ ಎಲ್ಲಾ ಎತ್ತಿಕೊಂಡು ಹೋಗ್ತಿದ್ದರು. ಬೆಲೆ ಅವರೇ ಕಟ್ಟೋದು. ದುಡ್ಡಿನ ಬದಲು ಗೀಟು ಹಾಕಿದ ಮರದ ಕಡ್ಡಿ ಕೈಗೆ ಕೊಡೋದು, ಆಮೇಲೆ ಬಂದು ತಗೊಳ್ಳಿ ಅಂತ. ವಿಲಿಯಂ ಆಫ್ ಪಗೂಲಾ ಅನ್ನೋ ಹಳ್ಳಿ ಪಾದ್ರಿ 1330ರ ಸುಮಾರಿಗೆ ಇದೇ ಮೂರನೇ ಎಡ್ವರ್ಡನಿಗೆ ನೇರವಾಗಿ ಬರೆದ: ನೀನು ಬರ್ತೀಯ ಅಂತ ಸುದ್ದಿ ಬಂದರೆ ಜನ ಸಂತೋಷಪಡೋದಿಲ್ಲ, ಕೋಳಿ, ಬಾತು ಬಚ್ಚಿಡ್ತಾರೆ ಅಂತ. ಅದು ಶತ್ರುದೇಶದ ಹಳ್ಳಿ ಅಲ್ಲ ಮಾವ, ಅವನದೇ ಪ್ರಜೆಗಳು."

"ಪಾದ್ರಿ ಬರೆದದ್ದು ನಿಜ. ಅವನ ತಲೆ ಯಾರೂ ತೆಗೀಲಿಲ್ಲ ಅನ್ನೋದೂ ನಿಜ. ಈ ಜಪ್ತಿಯ ವಿರುದ್ಧ ಪಾರ್ಲಿಮೆಂಟಿನಲ್ಲಿ ಮೇಲಿಂದ ಮೇಲೆ ದೂರು ಬಂತು, ಕಾನೂನು ಬಂತು. ಆಮೇಲೆ ಎಡ್ವರ್ಡ್ ಫ್ರಾನ್ಸಿನ ಕ್ಯಾಲೆ ಬಂದರಿಗೆ ಹಾಕಿದ ಮುತ್ತಿಗೆ ನೋಡು. 1346ರ ಸೆಪ್ಟೆಂಬರಿನಿಂದ 1347ರ ಆಗಸ್ಟ್‌ವರೆಗೆ, 11 ತಿಂಗಳು. ಅರಮನೆ ಲೆಕ್ಕ ನೋಡ್ತಿದ್ದ ವಾಲ್ಟರ್ ವೆಟ್‌ವಾಂಗ್‌ನ ಲೆಕ್ಕದ ಪ್ರತಿಗಳಲ್ಲಿ ಆ ಮುತ್ತಿಗೆಯ ಹೊತ್ತಿನ ಸೈನ್ಯ ಸುಮಾರು 32,000. ಅಷ್ಟು ಜನಕ್ಕೆ ಚಳಿಗಾಲವಿಡೀ ಕಡಲಾಚೆ ಅನ್ನ ಹಾಕೋದು ತಮಾಷೆಯೇ? ಕೋಟೆಯ ಹೊರಗೆ ಮರದ ಮನೆ ಕಟ್ಟಿ, ಬೀದಿ ಮಾಡಿ, ಒಂದು ಊರನ್ನೇ ಎಬ್ಬಿಸಿದರು. ಬುಧವಾರ, ಶನಿವಾರ ಸಂತೆ. ಮಾಂಸ, ಬಟ್ಟೆ, ರೊಟ್ಟಿ ಎಲ್ಲಾ ಸಿಗ್ತಿತ್ತು ಅಂತ ಆ ಕಾಲದ ಚರಿತ್ರಕಾರ ಫ್ರ್ವಾಸಾರ್ ಬರೀತಾನೆ. ವರ್ತಕರು ಲಾಭಕ್ಕೆ ಬಂದರು, ಸೈನಿಕ ಸಂಬಳದಲ್ಲಿ ಕೊಂಡುಕೊಂಡ. ಕೋಟೆ ಬಿದ್ದದ್ದು ಏಣಿ ಹಾಕಿ ಹತ್ತಿದ್ದಕ್ಕಲ್ಲ. ಒಳಗಿನವರ ಉಗ್ರಾಣ ಖಾಲಿಯಾಯ್ತು, ಹೊರಗಿನವರದು ಆಗಲಿಲ್ಲ."

"ಒಳಗಿನವರು ಅಂದರೆ ಯಾರು? ಅದನ್ನೂ ಹೇಳಿ. ಧಾನ್ಯ ಕಮ್ಮಿ ಆದಾಗ ಕೋಟೆಯವರು ಉಣ್ಣೋ ಬಾಯಿ ಕಮ್ಮಿ ಮಾಡೋಕೆ ಬಡವರನ್ನ ಹೊರಗೆ ತಳ್ಳಿದರು. ಮೊದಲು ಬಂದ 1,700 ಜನಕ್ಕೆ ಎಡ್ವರ್ಡ್ ಊಟ ಹಾಕಿ, ದಾರಿ ಬಿಟ್ಟ ಅಂತ ನಿಮ್ಮ ಫ್ರ್ವಾಸಾರ್ ಹೊಗಳ್ತಾನೆ. ಆಮೇಲೆ ಬಂದ 500 ಜನಕ್ಕೆ ದಾರಿ ಬಿಡಲಿಲ್ಲ, ಅವರು ಕೋಟೆಗೂ ಶಿಬಿರಕ್ಕೂ ನಡುವೆ ಚಳಿಯಲ್ಲಿ, ಹಸಿವಿನಲ್ಲಿ ಸತ್ತರು ಅಂತ ಇಂಗ್ಲಿಷ್ ಚರಿತ್ರಕಾರ ಹೆನ್ರಿ ನೈಟನ್ನೇ ಬರೀತಾನೆ. ಪಕ್ಕದಲ್ಲೇ ಬುಧವಾರದ ಸಂತೆ!"

ಮಾವ ಒಂದು ಕ್ಷಣ ಉತ್ತರ ಹುಡುಕಿದರು. ಆಮೇಲೆ ಹೇಳಿದ್ದು ಇಷ್ಟು: "ಮುತ್ತಿಗೆ ಅಂದರೆ ಹಸಿವೇ ಆಯುಧ. ಆಗ ಎಲ್ಲರೂ ಓದ್ತಿದ್ದ ರೋಮಿನ ವೆಜಿಟಿಯಸ್ ಹೇಳಿದ್ದೂ ಅದೇ, ಹಸಿವು ಕತ್ತಿಗಿಂತ ಹರಿತ ಅಂತ. ಸಿಕ್ಕಸಿಕ್ಕಲ್ಲಿ ಕದನಕ್ಕಿಳಿಯೋನು ಮೂರ್ಖ ಅಂತ ಆ ಕಾಲದ ನಾಯಕರಿಗೆ ಗೊತ್ತಿತ್ತು. ಒಂದೇ ಮಧ್ಯಾಹ್ನದಲ್ಲಿ ರಾಜ್ಯ ಹೋಗಬಹುದು. 1356ರಲ್ಲಿ ಪ್ವಾಟಿಯೆಯಲ್ಲಿ ಫ್ರಾನ್ಸಿನ ರಾಜನೇ ಸೆರೆ ಸಿಕ್ಕಲಿಲ್ಲವೇ?"

"ಪ್ವಾಟಿಯೆಗೆ ಆಮೇಲೆ ಹೋಗೋಣ. ಅದರ ಹಿಂದಿನ ವರ್ಷ ಇದೆಯಲ್ಲ, 1355, ನನ್ನ ಪ್ರಬಂಧ ನಿಂತಿರೋದು ಅದರ ಮೇಲೆ."

ಹುಡುಗಿ ತನ್ನ ಟಿಪ್ಪಣಿಗಳಿಂದ ಒಂದು ಹಾಳೆ ಎಳೆದಳು. ಅದರಲ್ಲಿದ್ದದ್ದು ಎಡ್ವರ್ಡನ ಹಿರಿಮಗ, ಜನ ಬ್ಲ್ಯಾಕ್ ಪ್ರಿನ್ಸ್ ಎಂದು ಕರೆಯುವ ರಾಜಕುಮಾರನ ದಂಡಯಾತ್ರೆ. ಅಕ್ಟೋಬರಿನಲ್ಲಿ ಬೋರ್ಡೊ ಬಿಟ್ಟ ಸೈನ್ಯ ದಕ್ಷಿಣ ಫ್ರಾನ್ಸನ್ನು ಅಡ್ಡಲಾಗಿ ಸೀಳಿಕೊಂಡು ಮೆಡಿಟರೇನಿಯನ್ ಕಡಲಿನ ಹತ್ತಿರದ ನಾರ್ಬೊನ್‌ವರೆಗೆ ಹೋಗಿ, ಡಿಸೆಂಬರಿನ ಹೊತ್ತಿಗೆ ತಿರುಗಿ ಬಂತು. ಬಲವಾದ ಕೋಟೆಗಳ ತಂಟೆಗೆ ಹೋಗಲಿಲ್ಲ. ಕಾರ್ಕಸೋನ್‌ನಲ್ಲಿ ಗುಡ್ಡದ ಮೇಲಿನ ಕೋಟೆಯನ್ನು ಬಿಟ್ಟು, ಕೆಳಗಿನ ಪೇಟೆಗೆ ಬೆಂಕಿ ಹಚ್ಚಿತು. ಹೋದ ದಾರಿಯಲ್ಲಿ ನೂರಾರು ಹಳ್ಳಿಗಳು, ಗಿರಣಿಗಳು, ಕಣಜಗಳು ಬೂದಿಯಾದವು.

"ಇದನ್ನ ಬರೀ ಲೂಟಿ ಅಂತ ಬರೆಯೋಣ ಅಂದುಕೊಂಡಿದ್ದೆ. ಆದರೆ ರಾಜಕುಮಾರನ ವ್ಯವಹಾರ ನೋಡಿಕೊಳ್ಳುತ್ತಿದ್ದ ಜಾನ್ ವಿಂಗ್‌ಫೀಲ್ಡ್ ವಿಂಚೆಸ್ಟರ್ ಬಿಷಪ್‌ಗೆ ಬರೆದ ಕಾಗದ ಓದಿದೆ. ಅವನು ಎಷ್ಟು ಜನ ಸತ್ತರು ಅಂತ ಕೊಚ್ಚಿಕೊಳ್ಳೋದಿಲ್ಲ. ಈ ಸುಟ್ಟ ಊರುಗಳಿಂದ ಫ್ರಾನ್ಸಿನ ರಾಜನಿಗೆ ಯುದ್ಧಕ್ಕೆ ಎಷ್ಟು ತೆರಿಗೆ ಬರ್ತಿತ್ತು, ಅದು ಉಳಿದ ರಾಜ್ಯದ ಅರ್ಧಕ್ಕಿಂತ ಹೇಗೆ ಹೆಚ್ಚು ಅಂತ ಬರೀತಾನೆ. ತೆರಿಗೆ ವಸೂಲಿಗಾರರ ಮನೆಗಳಲ್ಲಿ ಸಿಕ್ಕ ಪುಸ್ತಕಗಳಿವೆ, ಬೇಕಾದರೆ ತೋರಿಸ್ತೀನಿ ಅಂತಾನೆ. ಅಂದರೆ ಏನಾಯ್ತು ಮಾವ? ಮನೆ ಸುಡೋ ಮುಂಚೆ ಲೆಕ್ಕದ ಪುಸ್ತಕ ಆಚೆ ತೆಗೆದುಕೊಂಡರು. ಸುಟ್ಟದ್ದಕ್ಕೂ ಆಡಿಟ್!"

ಮಾವ ಹಾಳೆಯನ್ನು ತಮ್ಮ ಕಡೆ ತಿರುಗಿಸಿಕೊಂಡು ಓದಿದರು. ಅವರಿಗೆ ಕಾಗದ ಹಿಡಿಸಿದ್ದೂ ಕಾಣುತ್ತಿತ್ತು, ಹಿಡಿಸಿತು ಎಂದು ಒಪ್ಪಿಕೊಳ್ಳಲು ಮುಜುಗರವಾದದ್ದೂ ಕಾಣುತ್ತಿತ್ತು.

"ಇವನು ಬುದ್ಧಿವಂತ," ಎಂದರು ಕೊನೆಗೆ. "ಶತ್ರುವಿನ ಖಜಾನೆ ಕೋಟೆಯೊಳಗಿಲ್ಲ, ಹಳ್ಳಿಯ ಒಲೆಯಲ್ಲಿದೆ ಅಂತ ಗೊತ್ತು ಮಾಡಿಕೊಂಡವನು. ಕ್ರೂರ, ಇಲ್ಲ ಅನ್ನಲ್ಲ. ಆದರೆ ನಿನ್ನ ಪುಟ ಓದಿದವರಿಗೆ ಅದು ಸೈನಿಕರ ಹುಚ್ಚು ಅನ್ನಿಸುತ್ತೆ. ಅದು ಹುಚ್ಚಲ್ಲ, ಲೆಕ್ಕಾಚಾರ."

"ಹುಚ್ಚಾಗಿದ್ದರೆ ಒಂದೆರಡು ಊರಿಗೆ ನಿಲ್ತಿತ್ತು. ಲೆಕ್ಕಾಚಾರ ಆಗಿದ್ದಕ್ಕೇ ಎರಡು ತಿಂಗಳು ನಡೀತು. ನಿಮ್ಮ ಕಡತ ಕಟ್ಟುನಿಟ್ಟಾದಷ್ಟೂ ಬೆಂಕಿ ದೂರ ಹಬ್ಬುತ್ತೆ."

"ತಡಿ, ತಡಿ. ಕಡತ ಇಲ್ಲದೆ ಹೋದರೆ ಏನಾಗುತ್ತೆ ಅದನ್ನೂ ನೋಡು. ಪ್ವಾಟಿಯೆ ಆದ ಮೇಲೆ 1360ರಲ್ಲಿ ಬ್ರೆಟಿನಿ ಒಪ್ಪಂದ ಆಯ್ತು. ಸಂಬಳ ನಿಂತಿತು, ಸೈನಿಕರಿಗೆ ಮನೆಗೆ ಹೋಗಿ ಅಂದರು. ಹೋದರಾ? ಇಂಗ್ಲಿಷರು, ಗ್ಯಾಸ್ಕನರು, ಬ್ರೆಟನ್ನರು, ಜರ್ಮನರು ಸೇರಿ ದಂಡು ಕಟ್ಟಿಕೊಂಡು ಸ್ವಂತ ವ್ಯಾಪಾರಕ್ಕಿಳಿದರು. ಅದೇ ಡಿಸೆಂಬರಿನಲ್ಲಿ ರೋನ್ ನದಿಯ ಮೇಲಿನ ಪಾಂ-ಸೆಂತ್-ಎಸ್ಪ್ರಿ ಹಿಡಿದು, ಆವಿನ್ಯೋನ್‌ನಲ್ಲಿದ್ದ ಪೋಪನ ಬಾಗಿಲಿಗೇ ಬಂದರು. ಪೋಪ್ ಅವರ ಮೇಲೆ ಧರ್ಮಯುದ್ಧ ಸಾರಿದ. ಕೊನೆಗೆ ದುಡ್ಡು ಕೊಟ್ಟು ಒಂದು ಗುಂಪನ್ನ ಇಟಲಿಗೆ ಸಾಗಹಾಕಿದರು. 1362ರಲ್ಲಿ ಬ್ರಿನ್ಯೆಯಲ್ಲಿ ಇಂಥವರು ಫ್ರಾನ್ಸಿನ ರಾಜಸೈನ್ಯವನ್ನೇ ಸೋಲಿಸಿದರು. ಈಗ ಹೇಳು, ಹಾಜರಿ ಪಟ್ಟಿಯೊಳಗಿನ ಸೈನಿಕ ವಾಸಿಯೋ, ಹೊರಗಿನವನೋ?"

"ಆ ದಂಡುಗಳು ಆಕಾಶದಿಂದ ಬಿದ್ದವಲ್ಲ ಮಾವ. ಹಳ್ಳಿ ಹುಡುಗರಿಗೆ ದಿನಕ್ಕೆ 6 ಪೆನ್ಸ್ ಕೊಟ್ಟು, ಲೂಟಿಯಲ್ಲಿ ಪಾಲು ಕೊಟ್ಟು, ಇಪ್ಪತ್ತು ವರ್ಷ ಬೆಂಕಿ ಹಚ್ಚೋ ಕೆಲಸ ಕಲಿಸಿದ್ದು ನಿಮ್ಮ ಹಾಜರಿ ಪಟ್ಟಿ. ಕೆಲಸ ಮುಗೀತು ಅಂತ ಪಟ್ಟಿ ಹರಿದರೆ ಕಲಿತ ವಿದ್ಯೆ ಮರೆತುಹೋಗುತ್ತಾ?"

"ಅದಕ್ಕೇ ಸಂಬಳ ನಿಲ್ಲಿಸಬಾರದು ಅಂತ ನಾನು ಹೇಳೋದು!"

ಇಬ್ಬರೂ ನಕ್ಕರು. ಒಳಗಿನಿಂದ ಅತ್ತೆ, ಕಾಫಿ ಆರಿಹೋಗ್ತಿದೆ ಎಂದು ಎರಡನೇ ಸಲ ಕೂಗಿದರು. ಎದ್ದವರು ಯಾರೂ ಇಲ್ಲ.

"ಗೆಲುವಿನ ವಿಷಯಕ್ಕೆ ಬರೋಣ," ಎಂದಳು ಹುಡುಗಿ. "ನಿಮ್ಮ ಪ್ರಕಾರ ಕರಾರು, ಹಾಜರಿ, ಮುಂಗಡ, ಇವು ಇದ್ದವನು ಗೆಲ್ಲಬೇಕು. ಅಜಿನ್‌ಕೋರ್ಟ್‌ನಲ್ಲಿ ಗೆಲ್ಲಿಸಿದ್ದು ಕರಾರಾ, ಕೆಸರಾ?"

"ಕೆಸರು ಎರಡೂ ಕಡೆಗೂ ಇತ್ತು. ಆದರೆ ಆ ಕೆಸರಿನ ಈಚೆ ದಡದಲ್ಲಿ ಸಾವಿರಾರು ಬಿಲ್ಲುಗಾರರು ನಿಂತಿದ್ದರಲ್ಲ, ಅವರನ್ನ ಮಳೆ ತಂದು ನಿಲ್ಲಿಸಲಿಲ್ಲ. ಆಳೆತ್ತರದ ಆ ಬಿಲ್ಲನ್ನ ಎಳೆಯೋಕೆ ಚಿಕ್ಕಂದಿನಿಂದ ಅಭ್ಯಾಸ ಬೇಕು. 1363ರಲ್ಲಿ ಮೂರನೇ ಎಡ್ವರ್ಡ್ ಆಜ್ಞೆ ಹೊರಡಿಸಿದ: ರಜಾ ದಿನಗಳಲ್ಲಿ ಚೆಂಡಾಟ, ಕೋಳಿ ಅಂಕ ಬಿಟ್ಟು ಬಿಲ್ಲುಗಾರಿಕೆ ಕಲೀರಿ ಅಂತ. 1417ರಲ್ಲಿ ಐದನೇ ಹೆನ್ರಿ ಜಿಲ್ಲಾ ಶೆರೀಫರಿಗೆ ಕಾಗದ ಬರೆದ: ಮೊಟ್ಟೆಗೆ ಕಾವು ಕೂತದ್ದನ್ನ ಬಿಟ್ಟು, ಒಂದೊಂದು ಹೆಬ್ಬಾತಿನ ರೆಕ್ಕೆಯಿಂದ ಆರಾರು ಗರಿ ಕಿತ್ತು ಲಂಡನ್ ಗೋಪುರಕ್ಕೆ ಕಳಿಸಿ, ಬಾಣಕ್ಕೆ ಬೇಕು ಅಂತ. ಕಾವು ಕೂತ ಹೆಬ್ಬಾತನ್ನೂ ನೆನೆದು ಬರೆಸಿದ ರಾಜ! ನೀನು ಬಾಣದ ಮಳೆ ಅಂತ ಒಂದು ಸಾಲಲ್ಲಿ ಬರೆದುಬಿಟ್ಟೆ. ಆ ಮಳೆಯ ಮೋಡ ಕಟ್ಟಿದ್ದು ಕಚೇರಿಯಲ್ಲಿ."

"ಒಪ್ಪಿದೆ. ಹೆಬ್ಬಾತಿನ ಗರಿ ಪ್ರಬಂಧಕ್ಕೆ ಹೋಗುತ್ತೆ. ಆದರೆ ಅದೇ ಕಚೇರಿ 1373ರಲ್ಲಿ ಏನು ಮಾಡ್ತು? ಎಡ್ವರ್ಡನ ಇನ್ನೊಬ್ಬ ಮಗ ಜಾನ್ ಆಫ್ ಗಾಂಟ್, ಅವೇ ಕರಾರು, ಅದೇ ಬಗೆಯ ಬಿಲ್ಲುಗಾರರು, ಅದೇ ಸುಡೋ ವಿದ್ಯೆ ಇಟ್ಟುಕೊಂಡು ಆಗಸ್ಟಿನಲ್ಲಿ ಕ್ಯಾಲೆಯಿಂದ ಹೊರಟ. ಫ್ರಾನ್ಸಿನ ಐದನೇ ಚಾರ್ಲ್ಸ್ ಮತ್ತು ಅವನ ದಂಡನಾಯಕ ಬರ್ಟ್ರಾಂಡ್ ದು ಗೆಕ್ಲಾನ್ ಕದನವನ್ನೇ ಕೊಡಲಿಲ್ಲ. ಜನರನ್ನ, ದನವನ್ನ, ಧಾನ್ಯವನ್ನ ಕೋಟೆಯೊಳಗೆ ಸೇರಿಸಿಕೊಂಡು ಬಾಗಿಲು ಹಾಕಿದರು. ಹಿಂದೆ ಹಿಂದೆ ಬಂದು ಗುಂಪಿಂದ ಬೇರೆಯಾದವರನ್ನ ಕೊಂದರು. ಡಿಸೆಂಬರ್ ಕೊನೆಗೆ ಬೋರ್ಡೊ ತಲುಪಿದಾಗ ಗಾಂಟ್‌ನ ಸೈನ್ಯದಲ್ಲಿ ಕುದುರೆಗಳೇ ಉಳಿದಿರಲಿಲ್ಲ ಅನ್ನಬೇಕು. ಕವಚ ಹೊತ್ತ ಸರದಾರರು ನಡೆದುಕೊಂಡು ಬಂದರು. ಒಂದು ದೊಡ್ಡ ಕದನವನ್ನೂ ಸೋತಿರಲಿಲ್ಲ, ಸೈನ್ಯವೇ ಹೋಗಿತ್ತು."

"ಸರಿ, ಐದನೇ ಚಾರ್ಲ್ಸ್ ಹೇಗೆ ಮಾಡಿದ ಅದನ್ನ? ಅವನಿಗೆ ದುಡ್ಡು ಎಲ್ಲಿಂದ ಬಂತು?"

ಹುಡುಗಿ ಬಲೆ ಕಂಡಳು. ತಪ್ಪಿಸಿಕೊಳ್ಳುವ ಹಾಗಿರಲಿಲ್ಲ. "ಅಪ್ಪನ ಬಿಡುಗಡೆ ಹಣದಿಂದ," ಎಂದಳು.

"ಪೂರ್ತಿ ಹೇಳು."

"ಪ್ವಾಟಿಯೆಯಲ್ಲಿ ಸೆರೆ ಸಿಕ್ಕ ಎರಡನೇ ಜಾನ್‌ನ ಬಿಡುಗಡೆಗೆ 30 ಲಕ್ಷ ಚಿನ್ನದ ಎಕ್ಯೂ ಅಂತ ಬ್ರೆಟಿನಿಯಲ್ಲಿ ಗೊತ್ತಾಯ್ತು. ಅದನ್ನ ಕೂಡಿಸೋಕೆ ಫ್ರಾನ್ಸಿನಲ್ಲಿ ಮಾರಾಟದ ಮೇಲೆ, ಉಪ್ಪಿನ ಮೇಲೆ, ವೈನ್ ಮೇಲೆ ತೆರಿಗೆ ಹಾಕಿದರು. 1360ರ ಡಿಸೆಂಬರಿನಲ್ಲೇ ಹೊಸ ಚಿನ್ನದ ನಾಣ್ಯ ಬಂತು, ಫ್ರಾಂಕ್. ಅದರ ಮೇಲೆ ಕುದುರೆ ಏರಿ ಕತ್ತಿ ಎತ್ತಿದ ರಾಜ. ಜಾಮೀನಾಗಿದ್ದ ಮಗ ಓಡಿಹೋದ ಅಂತ ಜಾನ್ ತಾನೇ ಲಂಡನ್‌ಗೆ ವಾಪಸ್ ಹೋಗಿ 1364ರಲ್ಲಿ ಅಲ್ಲೇ ಸತ್ತ. ರಾಜ ಸತ್ತ, ತೆರಿಗೆ ಸಾಯಲಿಲ್ಲ. ಬಿಡುಗಡೆ ಹಣದ ಹೆಸರಲ್ಲಿ ಬಂದದ್ದು ಯುದ್ಧದ ಖರ್ಚಿಗೆ ಹೋಯ್ತು. 1374ರಲ್ಲಿ ಚಾರ್ಲ್ಸ್ ಹಾಜರಿಗೂ, ಬಟವಾಡೆಗೂ, ದಂಡಿನ ನಾಯಕರ ಹೊಣೆಗೂ ನಿಯಮ ಮಾಡಿದ."

"ಅಲ್ಲಿಗೆ ಇಂಗ್ಲಿಷ್ ಕಡತವನ್ನ ಸೋಲಿಸಿದ್ದು ಫ್ರೆಂಚ್ ಕಡತ," ಎಂದು ಮಾವ ಕಾಫಿ ಲೋಟಕ್ಕೆ ಕೈ ಚಾಚಿದರು, ಗೆದ್ದವರ ಹಾಗೆ.

"ಅಷ್ಟು ಬೇಗ ಕಾಫಿ ಕುಡೀಬೇಡಿ. ಸೋತ ಇಂಗ್ಲಿಷ್ ಕಡತ ಏನು ಮಾಡ್ತು? ಯುದ್ಧಕ್ಕೆ ದುಡ್ಡು ಸಾಲದೆ ತಲೆಗಂದಾಯ ಹಾಕಿತು. 1380ರ ಕೊನೆಗೆ ಒಪ್ಪಿಗೆಯಾದ ಮೂರನೇ ತಲೆಗಂದಾಯ ತಲೆಗೆ 12 ಪೆನ್ಸ್. ಬಿಲ್ಲುಗಾರನ ಎರಡು ದಿನದ ಸಂಬಳ. ಒಪ್ಪಿದವರು ನೀವು ಹೊಗಳಿದ ಪಾರ್ಲಿಮೆಂಟಿನವರೇ. 1381ರ ಜೂನ್‌ನಲ್ಲಿ ಕೆಂಟ್, ಎಸೆಕ್ಸ್ ರೈತರು ಲಂಡನ್‌ಗೆ ನುಗ್ಗಿದರು. ಹೋದ ಕಡೆ ಮೊದಲು ಸುಟ್ಟದ್ದು ಏನನ್ನ? ದಾಖಲೆ ಪತ್ರಗಳನ್ನ. ಆಮೇಲೆ ಗೋಪುರದಿಂದ ಇಬ್ಬರನ್ನ ಎಳೆದು ತಂದು ತಲೆ ಕಡಿದರು. ಒಬ್ಬ ಚಾನ್ಸಲರ್ ಆಗಿದ್ದ ಆರ್ಚ್‌ಬಿಷಪ್ ಸಡ್‌ಬರಿ. ಇನ್ನೊಬ್ಬ..."

"ಖಜಾಂಚಿ. ರಾಬರ್ಟ್ ಹೇಲ್ಸ್. ಗೊತ್ತು. ನಮ್ಮ ಇಲಾಖೆಯವನಲ್ಲವೇ," ಎಂದು ಮಾವ ಕುತ್ತಿಗೆ ಸವರಿಕೊಂಡರು. "ಆದರೆ ಇದೂ ನನ್ನ ಮಾತಿಗೇ ಬರುತ್ತೆ. ಸುಡಬೇಕಾದ್ದು ಯಾವುದು ಅಂತ ರೈತರಿಗೂ ಗೊತ್ತಿತ್ತು. ಶಕ್ತಿ ಎಲ್ಲಿದೆಯೋ ಬೆಂಕಿ ಅಲ್ಲಿಗೆ."

"ಶಕ್ತಿ ಅಲ್ಲ, ಅನ್ಯಾಯ ಎಲ್ಲಿದೆಯೋ ಅಲ್ಲಿಗೆ."

"ಎರಡೂ ಒಂದೇ ಪುಸ್ತಕದಲ್ಲಿದ್ದರೆ ಏನು ಮಾಡ್ತೀಯಾ? ಅದಿರಲಿ, ಕೊನೆ ನೋಡು. 1445ರಲ್ಲಿ ಫ್ರಾನ್ಸಿನ ಏಳನೇ ಚಾರ್ಲ್ಸ್ ಬೀದಿಗೆ ಬಿದ್ದ ದಂಡುಗಳಿಂದ ಒಳ್ಳೆಯವರನ್ನ ಆರಿಸಿ 15 ತುಕಡಿ ಕಟ್ಟಿದ. ತುಕಡಿಗೆ 100 ಭರ್ಜಿ, ಭರ್ಜಿಗೆ ಆರು ಜನ. ಯುದ್ಧ ಇರಲಿ ಇಲ್ಲದಿರಲಿ ಸಂಬಳ. ಉಳಿದವರು ಮನೆಗೆ. ಹಳ್ಳಿಗಳಿಗೆ ಉಸಿರು ಬಂತು. ಜಾನ್ ಬ್ಯೂರೋ ಅನ್ನೋ ಹಣಕಾಸಿನ ಅಧಿಕಾರಿ ಫಿರಂಗಿ ಇಲಾಖೆ ನೋಡಿಕೊಂಡ. 1453ರ ಜುಲೈ 17, ಕಾಸ್ತಿಯೋಂ. ಮುದುಕ ಟಾಲ್ಬಟ್, ಇಂಗ್ಲಿಷರ ದೊಡ್ಡ ವೀರ, ಫಿರಂಗಿಗಳ ಎದುರಿಗೆ ನುಗ್ಗಿ ಸತ್ತ. ಲೆಕ್ಕದವನು ವೀರನನ್ನ ಸೋಲಿಸಿದ ದಿನ ಅದು."

"ಆ 9,000 ಜನರಿಗೆ ಸಂಬಳ ಕೊಡೋಕೆ ವರ್ಷ ವರ್ಷ ರೈತನ ಮೇಲೆ ತೆರಿಗೆ ಬಂತು. ಸರದಾರರಿಗೆ ವಿನಾಯಿತಿ, ಪಾದ್ರಿಗಳಿಗೆ ವಿನಾಯಿತಿ. ಪ್ರತಿನಿಧಿಗಳನ್ನ ಕರೆದು ಒಪ್ಪಿಗೆ ಕೇಳೋ ಪದ್ಧತಿ ಫ್ರಾನ್ಸಿನಲ್ಲಿ ಸವೆದೇ ಹೋಯ್ತು. ಇಂಗ್ಲೆಂಡಿನ ಯುದ್ಧ ಲೆಕ್ಕ ಕೇಳೋ ಹಕ್ಕು ಕೊಡ್ತು ಅಂದಿರಿ. ಫ್ರಾನ್ಸಿನ ಯುದ್ಧ ಅದೇ ಹಕ್ಕನ್ನ ಕಿತ್ತುಕೊಳ್ತು. ಒಂದೇ ಯುದ್ಧ ಮಾವ, ಎರಡು ಫಲ. ಹಾಗಿದ್ದರೆ ಹಕ್ಕು ಕೊಟ್ಟದ್ದು ಯುದ್ಧವೂ ಅಲ್ಲ, ಕಡತವೂ ಅಲ್ಲ, ಮತ್ತೇನೋ ಇರಬೇಕು."

ಮಾವ ಲೋಟ ಕೆಳಗಿಟ್ಟರು. ಈ ಆಕ್ಷೇಪಣೆಗೆ ಅವರ ಹತ್ತಿರ ಸಿದ್ಧ ಉತ್ತರವಿರಲಿಲ್ಲ. ಆಮೇಲೆ ಎದ್ದು ಹೋಗಿ, ಗುರುತಿನ ಚೀಟಿ ಇಟ್ಟಿದ್ದ ಇನ್ನೊಂದು ಪುಸ್ತಕ ತಂದರು.

"ಮತ್ತೇನೋ ಅನ್ನೋದನ್ನ ನೀನು ಹುಡುಕು. ನನ್ನ ಹತ್ತಿರ ಒಂದು ಲೆಕ್ಕ ಇದೆ, ನಿನಗೇ ಅಂತ ಇಟ್ಟಿದ್ದೆ. 1339ರಲ್ಲಿ ಎಡ್ವರ್ಡ್ ಕದನ ಮಾಡದೆ ವಾಪಸ್ ಬಂದ ಅಂದೆಯಲ್ಲ, ಆ ದಾರಿಯಲ್ಲಿ ಉತ್ತರ ಫ್ರಾನ್ಸಿನ ಕಾಂಬ್ರೆಸಿ, ತಿಯೆರಾಶ್ ಕಡೆ ಎಲ್ಲಾ ಸುಟ್ಟಿದ್ದ. ಆವಿನ್ಯೋನ್‌ನಿಂದ ಹನ್ನೆರಡನೇ ಬೆನೆಡಿಕ್ಟ್ ಪೋಪ್ 6,000 ಚಿನ್ನದ ಫ್ಲಾರಿನ್ ಕಳಿಸಿದ. ಬರ್ಟ್ರಾಂಡ್ ಕಾರಿ ಅನ್ನೋ ಪಾದ್ರಿ 1340ರಲ್ಲಿ ಊರೂರು ತಿರುಗಿ ಹಂಚಿದ. 174 ಪ್ಯಾರಿಷ್, 7,879 ಜನ. ಎಲ್ಲಾ ಲೆಕ್ಕ ಇಟ್ಟ. ನಿನ್ನ ಸುಟ್ಟ ಹಳ್ಳಿಯವರು ಇಲ್ಲಿದ್ದಾರೆ. ಲೆಕ್ಕದ ಪುಸ್ತಕದಲ್ಲೇ ಇದ್ದಾರೆ."

ಹುಡುಗಿ ಅಂಚಿನಲ್ಲಿ ಭಾಗಾಕಾರ ಮಾಡಿದಳು. "ಸರಾಸರಿ ತಲೆಗೆ ಮುಕ್ಕಾಲು ಫ್ಲಾರಿನ್."

"ಮುಕ್ಕಾಲು ಅಂತ ಗೊತ್ತಾಗಿದ್ದು ಅವನು ಬರೆದಿಟ್ಟಿದ್ದಕ್ಕೆ."

"ಮುಕ್ಕಾಲು ಫ್ಲಾರಿನ್‌ನಲ್ಲಿ ಸುಟ್ಟ ಮನೆ ಕಟ್ಟೋಕಾಗುತ್ತಾ ಅಂತ ಅವನು ಬರೆದಿದ್ದಾನಾ?"

"ಅದು ಅವನ ಕೆಲಸ ಅಲ್ಲ, ನಿನ್ನದು."

ಹುಡುಗಿ ಕೆಸರಿನ ಪುಟವನ್ನು ಪಕ್ಕಕ್ಕಿಟ್ಟಳು, ಹರಿಯಲಿಲ್ಲ. ಮೊದಲ ಅಧ್ಯಾಯ ತಿಯೆರಾಶ್‌ನಿಂದ ಶುರುವಾಗಬೇಕು ಎಂದು ಅವಳು, ಅಂಕುಡೊಂಕು ಕತ್ತರಿಸಿದ ಕರಾರಿನಿಂದ ಶುರುವಾಗಬೇಕು ಎಂದು ಮಾವ. ಕರಾರು ಮೊದಲು ಬಂದರೆ ಓದುವವರು ಅದರ ಚೆಂದಕ್ಕೇ ಮರುಳಾಗುತ್ತಾರೆ ಎಂಬುದು ಅವಳ ವಾದ. ಹಳ್ಳಿ ಮೊದಲು ಬಂದರೆ ಬೆಂಕಿ ಹಚ್ಚಿದವನಿಗೆ ಸಂಬಳ ಕೊಟ್ಟವರು ಯಾರೆಂದು ಕೇಳುವುದನ್ನೇ ಮರೆಯುತ್ತಾರೆ ಎಂಬುದು ಅವರದು. ಅತ್ತೆ ಬಿಸಿ ಮಾಡಿ ತಂದ ಕಾಫಿಯೂ ಇದರ ನಡುವೆ ಆರಿತು.